ಸಮಸ್ತಿಪುರದ ಬಾಂಬು: ಒಂದು ಕೊಲೆ, ಎರಡು ತಪ್ಪೊಪ್ಪಿಗೆ

1975ರ ಜನವರಿ 2, ಗುರುವಾರ. ಬಿಹಾರದ ಸಮಸ್ತಿಪುರ ರೈಲು ನಿಲ್ದಾಣದಲ್ಲಿ ವೇದಿಕೆ ಹಾಕಿದ್ದರು. ಸಮಸ್ತಿಪುರದಿಂದ ಮುಜಫ್ಫರ್‌ಪುರಕ್ಕೆ ಹೋಗುವ ಬ್ರಾಡ್‌ಗೇಜ್ ಮಾರ್ಗದ ಉದ್ಘಾಟನೆ ಅವತ್ತು. ಕೇಂದ್ರ ರೈಲ್ವೆ ಮಂತ್ರಿ ಲಲಿತ್ ನಾರಾಯಣ ಮಿಶ್ರಾ ಬಂದಿದ್ದರು. ಅವರ ತಮ್ಮ ಜಗನ್ನಾಥ ಮಿಶ್ರಾ ಕೂಡ ವೇದಿಕೆಯ ಮೇಲಿದ್ದರು. ಸಂಜೆ ಕವಿಯುವ ಹೊತ್ತಿಗೆ ಮಂತ್ರಿಗಳ ಭಾಷಣ ಮುಗಿಯಿತು. ವೇದಿಕೆಯಿಂದ ಇಳಿಯಬೇಕು ಅನ್ನುವಷ್ಟರಲ್ಲಿ ಗ್ರೆನೇಡ್ ಸಿಡಿಯಿತು.

ಮಿಶ್ರಾ ಅವರಿಗೆ ಗಾಯವಾಯಿತು. ತಮ್ಮನ ಕಾಲಿಗೂ ಪೆಟ್ಟು ಬಿತ್ತು. ಸುತ್ತ ಇದ್ದ ಎಷ್ಟೋ ಜನ ಗಾಯಗೊಂಡರು. ಮಾರನೇ ದಿನ ಮಿಶ್ರಾ ತೀರಿಕೊಂಡರು. ಬಿಹಾರ ವಿಧಾನ ಪರಿಷತ್ತಿನ ಒಬ್ಬ ಸದಸ್ಯರು ಮತ್ತು ರೈಲ್ವೆಯ ಒಬ್ಬ ನೌಕರ ಕೂಡ ಈ ಸ್ಫೋಟದಲ್ಲಿ ಜೀವ ಕಳೆದುಕೊಂಡರು. ಒಟ್ಟು ಮೂರು ಸಾವು. ಆದರೆ ಈ ಪ್ರಕರಣದ ಬಗ್ಗೆ ಮಾತಾಡುವಾಗ ನಾವೆಲ್ಲ ಒಂದೇ ಹೆಸರು ಹೇಳುತ್ತೇವೆ. ಉಳಿದ ಇಬ್ಬರ ಮನೆಯವರಿಗೂ ಉತ್ತರ ಬೇಕಿತ್ತು, ಅಲ್ವಾ?

ಹುದ್ದೆಯಲ್ಲಿದ್ದಾಗಲೇ ಹೀಗೆ ಕೊಲೆಯಾದ ಮೊದಲ ಕೇಂದ್ರ ಸಂಪುಟ ಮಂತ್ರಿ ಎಂದು ಮಿಶ್ರಾ ಅವರನ್ನು ಗುರುತಿಸುತ್ತಾರೆ. ಕೋರ್ಟಿನ ಲೆಕ್ಕದಲ್ಲಿ ಈ ಕೊಲೆಗೆ ಉತ್ತರ ಸಿಕ್ಕಿದೆ. 2014ರ ಡಿಸೆಂಬರ್ 8ರಂದು ದೆಹಲಿಯ ಜಿಲ್ಲಾ ನ್ಯಾಯಾಧೀಶರು ಆನಂದಮಾರ್ಗ ಎಂಬ ಧಾರ್ಮಿಕ ಪಂಥದ ನಂಟಿದ್ದ ನಾಲ್ವರನ್ನು ತಪ್ಪಿತಸ್ಥರು ಎಂದರು. ಘಟನೆ ನಡೆದು 40 ವರ್ಷ ತುಂಬಲು ಒಂದು ತಿಂಗಳೂ ಬಾಕಿ ಇರಲಿಲ್ಲ. ಹಾಗಿದ್ದರೂ ಆ ತೀರ್ಪನ್ನು ಒಪ್ಪದವರಲ್ಲಿ ಮಿಶ್ರಾ ಅವರ ಕುಟುಂಬದವರೇ ಇದ್ದಾರೆ. ಕೊಲೆಯಾದವರ ಮನೆಯವರೇ "ಇವರು ಕೊಂದವರಲ್ಲ" ಅನ್ನುವ ಪ್ರಕರಣಗಳು ಎಷ್ಟು ಸಿಗುತ್ತವೆ?

ನಾನು ಈ ಪ್ರಕರಣದ ಬೆನ್ನು ಹತ್ತಿದ್ದು 2012ರ ಸುಪ್ರೀಂ ಕೋರ್ಟ್ ತೀರ್ಪನ್ನು ಓದಿದ ಮೇಲೆ. ಅದು ವಿಚಾರಣೆ ತಡವಾದದ್ದರ ಕುರಿತ ತೀರ್ಪು, ಕೊಂದವರು ಯಾರು ಎಂಬುದರದ್ದಲ್ಲ. ಆದರೆ ಅದನ್ನು ಓದುತ್ತಾ ಹೋದಂತೆ ನನ್ನ ತಲೆಯಲ್ಲಿ ಬೇರೆಯೇ ಪ್ರಶ್ನೆ ಕೂತಿತು. ಇಲ್ಲಿನ ಅನುಮಾನ ಚಹಾ ಅಂಗಡಿಯ ಹರಟೆಯಿಂದ ಹುಟ್ಟಿದ್ದಲ್ಲ. ಸರ್ಕಾರದ ಕಡತಗಳ ಒಳಗಿನಿಂದಲೇ ಹುಟ್ಟಿದ್ದು.

ಆ ರಾತ್ರಿಯ ರೈಲು

ಮೊದಲ ಅನುಮಾನ ಸ್ಫೋಟವಾದ ಕೆಲವೇ ಗಂಟೆಗಳಲ್ಲಿ ಶುರುವಾಯಿತು. ಗಾಯಗೊಂಡ ಮಂತ್ರಿಯನ್ನು ಎಲ್ಲಿಗೆ ಕರೆದೊಯ್ಯಬೇಕು?

ಭೂಪಟ ತೆರೆದು ನೋಡಿ. ಸಮಸ್ತಿಪುರದಿಂದ ಉತ್ತರಕ್ಕೆ ಸುಮಾರು 40 ಕಿಲೋಮೀಟರ್ ಹೋದರೆ ದರ್ಭಂಗಾ. ಅಲ್ಲಿ ಮೆಡಿಕಲ್ ಕಾಲೇಜು ಆಸ್ಪತ್ರೆ ಇದೆ. ಮಿಶ್ರಾ ಅವರನ್ನು ಅಲ್ಲಿಗೆ ಕರೆದೊಯ್ಯಲಿಲ್ಲ. ರೈಲಿನಲ್ಲಿ ಮಲಗಿಸಿ ದಾನಾಪುರದ ರೈಲ್ವೆ ಆಸ್ಪತ್ರೆಗೆ ಕರೆದೊಯ್ದರು. ದಾನಾಪುರ ಇರುವುದು ಗಂಗಾನದಿಯ ಆಚೆ ದಡದಲ್ಲಿ, ಪಟ್ನಾವನ್ನೂ ದಾಟಿ ಪಶ್ಚಿಮಕ್ಕೆ. ಈಗ ಪಟ್ನಾದ ಹತ್ತಿರವೇ ಗಂಗೆಯ ಮೇಲೆ ರೈಲು ಸೇತುವೆ ಇದೆ. ಆಗ ಇರಲಿಲ್ಲ. ಪೂರ್ವಕ್ಕೆ ಬರೌನಿ ಕಡೆ ಹೋಗಿ, ಮೊಕಾಮಾದ ರಾಜೇಂದ್ರ ಸೇತುವೆಯ ಮೇಲೆ ನದಿ ದಾಟಿ, ಮತ್ತೆ ಪಶ್ಚಿಮಕ್ಕೆ ತಿರುಗಿ ಬರಬೇಕಿತ್ತು. ದೇಶದ ರೈಲ್ವೆ ಮಂತ್ರಿ, ಅವರದೇ ಇಲಾಖೆಯ ರೈಲು, ಹೊಟ್ಟೆಯೊಳಗೆ ಗ್ರೆನೇಡಿನ ಗಾಯ. ಸಂಜೆ ಪೆಟ್ಟು ಬಿದ್ದವರು ಆಸ್ಪತ್ರೆ ಸೇರುವಾಗ ಸರಿರಾತ್ರಿ.

ಹೀಗೆ ಮಾಡಿದ್ದಕ್ಕೆ ಬೇರೆ ಬೇರೆ ಕಾರಣಗಳನ್ನು ಕೊಟ್ಟಿದ್ದಾರೆ. ಗಾಬರಿಯಲ್ಲಿ ತಪ್ಪು ನಿರ್ಧಾರಗಳು ಆಗುತ್ತವೆ. ಬಾಂಬು ಸಿಡಿದ ಜಾಗದಲ್ಲಿ ನಿಂತು ತಣ್ಣಗೆ ಯೋಚಿಸುವುದು ಯಾರಿಗೂ ಸುಲಭವಲ್ಲ. ಪಿತೂರಿ ಇಲ್ಲದೆಯೂ ಇಂಥ ಎಡವಟ್ಟು ಆಗಬಹುದು ಅಂತಲೇ ನನ್ನ ಅನಿಸಿಕೆ. ಆದರೆ ಮನೆಯವರ ಜಾಗದಲ್ಲಿ ನಿಂತು ನೋಡಿ. ಹತ್ತಿರದ ಆಸ್ಪತ್ರೆ ಬಿಟ್ಟು ದೂರದ ಆಸ್ಪತ್ರೆಗೆ ಯಾಕೆ ಒಯ್ದರು ಎಂಬ ಪ್ರಶ್ನೆಗೆ ಮನಸ್ಸು ಒಪ್ಪುವ ಉತ್ತರ ಸಿಗದಿದ್ದರೆ, ಮುಂದೆ ಸರ್ಕಾರ ಹೇಳುವ ಯಾವ ಮಾತನ್ನು ಅವರು ನಂಬಿಯಾರು?

ಆಗಿನ ರಾಜಕೀಯ

ಮಿಶ್ರಾ ಸಾಮಾನ್ಯ ಮಂತ್ರಿ ಆಗಿರಲಿಲ್ಲ. ಇಂದಿರಾ ಗಾಂಧಿಯವರಿಗೆ ತುಂಬಾ ಹತ್ತಿರದವರು. ಪಕ್ಷಕ್ಕೆ ಹಣ ಹೊಂದಿಸುವವರು ಎಂದೇ ದೆಹಲಿಯಲ್ಲಿ ಹೆಸರಾಗಿದ್ದವರು. ಅಂಥವರಿಗೆ ಎಲ್ಲರ ಗುಟ್ಟೂ ಗೊತ್ತಿರುತ್ತದೆ ಎಂದು ಜನ ಅಂದುಕೊಳ್ಳುವುದು ಸಹಜ.

1974 ಅವರಿಗೆ ಕೆಟ್ಟ ವರ್ಷ. ಮೇ ತಿಂಗಳಲ್ಲಿ ದೇಶದ ಉದ್ದಗಲಕ್ಕೂ ರೈಲ್ವೆ ಮುಷ್ಕರ ನಡೆಯಿತು. ಅದರ ನಾಯಕ ನಮ್ಮ ಮಂಗಳೂರಿನ ಜಾರ್ಜ್ ಫರ್ನಾಂಡಿಸ್. ಮೇ 8ರಿಂದ 27ರವರೆಗೆ ನಡೆದ ಮುಷ್ಕರವನ್ನು ಸರ್ಕಾರ ಬಲ ಹಾಕಿ ಮುರಿಯಿತು. ಬಿಹಾರದಲ್ಲಿ ಜಯಪ್ರಕಾಶ ನಾರಾಯಣರ ಚಳವಳಿ ಬೀದಿಗಿಳಿದಿತ್ತು. ಸಂಸತ್ತಿನಲ್ಲಿ ತುಲ್‌ಮೋಹನ್ ರಾಮ್ ಹಗರಣ ಹೊತ್ತಿ ಉರಿಯುತ್ತಿತ್ತು. ಪಾಂಡಿಚೇರಿ ಕಡೆಯ ವ್ಯಾಪಾರಿಗಳಿಗೆ ಆಮದು ಲೈಸೆನ್ಸ್ ಕೊಡಿ ಎಂದು 21 ಸಂಸದರು ಸಹಿ ಹಾಕಿದ್ದಾರೆ ಅನ್ನಲಾದ ಮನವಿ ಅದು. ಹೆಚ್ಚಿನ ಸಹಿಗಳು ನಕಲಿ ಎಂದು ಗೊತ್ತಾಯಿತು. ಆ ಮನವಿ ಹೋಗಿದ್ದು ಮಿಶ್ರಾ ವಿದೇಶ ವ್ಯಾಪಾರ ಮಂತ್ರಿಯಾಗಿದ್ದಾಗ. ವಿರೋಧ ಪಕ್ಷಗಳು ಅವರ ರಾಜೀನಾಮೆಗೆ ಪಟ್ಟು ಹಿಡಿದವು. ಆ ಗದ್ದಲದ ಬಿಸಿ ಆರುವ ಮೊದಲೇ ಸಮಸ್ತಿಪುರ ನಡೆಯಿತು.

ಹಾಗಾಗಿ ಸಾವಿನ ಸುದ್ದಿ ಬಂದ ಕೂಡಲೇ ಜನ ಎರಡು ಪಾಲಾದರು. ಈ ಹಿಂಸೆಯ ವಾತಾವರಣ ಹುಟ್ಟಿಸಿದ್ದೇ ಚಳವಳಿಯವರು ಎಂದು ಕಾಂಗ್ರೆಸ್ಸಿನವರು ಹೇಳಿದರು. ಬಾಯಿ ಬಿಟ್ಟರೆ ಕಷ್ಟ ಎಂದು ಒಳಗಿನವರೇ ಮುಗಿಸಿದರು ಎಂಬ ಮಾತು ಇನ್ನೊಂದು ಕಡೆಯಿಂದ ಬಂತು. ಇಂದಿರಾ ಗಾಂಧಿ ಸಂತಾಪ ಸಭೆಯಲ್ಲೇ ಇದಕ್ಕೆ ಉತ್ತರ ಕೊಟ್ಟರು. ಇದು ಬರೀ ತಾಲೀಮು, ನಿಜವಾದ ಗುರಿ ನಾನು ಎಂಬುದು ಅವರ ಮಾತಿನ ತಿರುಳು. ನಾಳೆ ನನ್ನನ್ನು ಕೊಂದರೂ ನಾನೇ ಮಾಡಿಸಿಕೊಂಡೆ ಅನ್ನುತ್ತಾರೆ ಎಂಬರ್ಥದ ಮಾತನ್ನೂ ಆಡಿದರು. ಸತ್ತವರ ಚಿತೆ ಆರುವ ಮೊದಲೇ ಪ್ರಧಾನಿ ಅನುಮಾನಗಳಿಗೆ ಉತ್ತರ ಹೇಳಬೇಕಾಗಿ ಬಂತು.

ಇದೆಲ್ಲ ಯಾರ ವಿರುದ್ಧವೂ ಪುರಾವೆ ಅಲ್ಲ. ಲಾಭ ಯಾರಿಗೆ ಅಂತ ಕೇಳುತ್ತಾ ಹೋದರೆ ರಾಜಕೀಯ ಕೊಲೆಗಳಲ್ಲಿ ಹತ್ತು ಜನರ ಕಡೆ ಬೆರಳು ತೋರಿಸಬಹುದು. ಬರೀ ಈ ದಾರಿಯಲ್ಲಿ ಹೋದವರು ಎಲ್ಲಿಗೂ ಮುಟ್ಟುವುದಿಲ್ಲ. ನನಗೆ ಮುಖ್ಯ ಅನಿಸಿದ್ದು ತನಿಖೆಯಲ್ಲಿ ಏನಾಯಿತು ಎಂಬುದು.

ಮೊದಲ ತಪ್ಪೊಪ್ಪಿಗೆ

ತನಿಖೆ ಮೊದಲು ಬಿಹಾರ ಪೊಲೀಸರ ಕೈಯಲ್ಲಿತ್ತು. ಕೆಲವೇ ದಿನಗಳಲ್ಲಿ ಸಿಬಿಐ ಪ್ರಕರಣವನ್ನು ವಹಿಸಿಕೊಂಡಿತು. ಆದರೆ ಬಿಹಾರದ ಸಿಐಡಿ ಹಿಡಿದಿದ್ದ ಜಾಡು ಬೇರೆ. ಇಬ್ಬರು ಸ್ಥಳೀಯ ಯುವಕರು ಸಿಕ್ಕಿಬಿದ್ದರು. ಅವರು ತಪ್ಪೊಪ್ಪಿಗೆ ಹೇಳಿಕೆ ಕೊಟ್ಟರು. ಆ ಹೇಳಿಕೆ ಬೆರಳು ತೋರಿಸಿದ್ದು ಯಾವುದೋ ಪಂಥದ ಕಡೆಗಲ್ಲ, ಆಳುವ ಪಕ್ಷದವರ ಕಡೆಗೇ.

ಇಲ್ಲಿ ಸ್ವಲ್ಪ ನಿಲ್ಲಬೇಕು. 1975ರ ಆರಂಭದಲ್ಲಿ ಬಿಹಾರದಲ್ಲಿ ಯಾರ ಸರ್ಕಾರ ಇತ್ತು? ಕಾಂಗ್ರೆಸ್ಸಿನದೇ. ಅಬ್ದುಲ್ ಗಫೂರ್ ಮುಖ್ಯಮಂತ್ರಿ. ಅಂದರೆ ಕಾಂಗ್ರೆಸ್ಸಿನವರ ಕಡೆ ಬೆರಳು ತೋರಿಸುವ ಹೇಳಿಕೆ ಹೊರಬಂದದ್ದು ಕಾಂಗ್ರೆಸ್ ಸರ್ಕಾರದ ಪೊಲೀಸರ ಕೈಯಿಂದ. ವಿರೋಧ ಪಕ್ಷದ ಸರ್ಕಾರ ಹೀಗೆ ಮಾಡಿದ್ದರೆ ಸೇಡಿನ ರಾಜಕೀಯ ಅಂತ ತಳ್ಳಿಹಾಕಬಹುದಿತ್ತು. ಇಲ್ಲಿ ಆ ಮಾತು ಸುಲಭಕ್ಕೆ ಹೊಂದುವುದಿಲ್ಲ.

ಹಾಗಂತ ಆ ಹೇಳಿಕೆ ನಿಜ ಅಂತಲೂ ಅಲ್ಲ. ಠಾಣೆಯಲ್ಲಿ ತಪ್ಪೊಪ್ಪಿಗೆಗಳು ಹೇಗೆ ಹೊರಡುತ್ತವೆ ಅಂತ ನಮ್ಮೆಲ್ಲರಿಗೂ ಗೊತ್ತು. ಆ ಹುಡುಗರು ಸುಳ್ಳೇ ಹೇಳಿರಬಹುದು. ಹೊಡೆತಕ್ಕೆ ಹೆದರಿ ಹೇಳಿರಬಹುದು. ಬಿಹಾರ ಕಾಂಗ್ರೆಸ್ಸಿನ ಒಳಜಗಳದಲ್ಲಿ ಯಾರೋ ಹೇಳಿಸಿರಬಹುದು. ಇವೆಲ್ಲ ಒರೆಗೆ ಹಚ್ಚಿ ನೋಡಬೇಕಿದ್ದ ಸಂಗತಿಗಳು. ಸಿಬಿಐ ಈ ಜಾಡನ್ನು ಕೈಬಿಟ್ಟಿತು. ಆ ಯುವಕರು ಆರೋಪದಿಂದ ಹೊರಬಂದರು. ಒಂದು ತಪ್ಪೊಪ್ಪಿಗೆ ಸುಳ್ಳು ಎಂದು ಬಹಿರಂಗ ನ್ಯಾಯಾಲಯದಲ್ಲಿ ಪಾಟೀಸವಾಲಿನ ಮೂಲಕ ತೋರಿಸುವುದೇ ಬೇರೆ, ಅದನ್ನು ಮಡಚಿ ಪಕ್ಕಕ್ಕೆ ಇಡುವುದೇ ಬೇರೆ. ಇಲ್ಲಿ ಆದದ್ದು ಎರಡನೆಯದು.

ಎರಡನೆಯದು

ಸಿಬಿಐ ಹಿಡಿದ ದಾರಿ ಆನಂದಮಾರ್ಗದ್ದು.

ಆನಂದಮಾರ್ಗವನ್ನು 1955ರಲ್ಲಿ ಬಿಹಾರದ ಜಮಾಲ್‌ಪುರದಲ್ಲಿ ಪ್ರಭಾತ್ ರಂಜನ್ ಸರ್ಕಾರ್ ಶುರುಮಾಡಿದರು. ಅನುಯಾಯಿಗಳಿಗೆ ಅವರು ಆನಂದಮೂರ್ತಿ. ಅವರೂ ಹಿಂದೆ ರೈಲ್ವೆ ನೌಕರರೇ, ಜಮಾಲ್‌ಪುರದ ರೈಲ್ವೆ ವರ್ಕ್‌ಶಾಪಿನ ಲೆಕ್ಕಪತ್ರ ಕಚೇರಿಯಲ್ಲಿದ್ದವರು. ಪಂಥ ಬಿಟ್ಟುಹೋದವರನ್ನು ಕೊಲ್ಲಿಸಿದರು ಎಂಬ ಆರೋಪದ ಮೇಲೆ 1971ರ ಡಿಸೆಂಬರ್‌ನಲ್ಲಿ ಅವರನ್ನು ಬಂಧಿಸಿದರು. ಜೈಲಿನಲ್ಲಿ ನನಗೆ ವಿಷ ಕೊಟ್ಟರು ಎಂದು ಅವರು ದೂರಿದರು. 1973ರ ಏಪ್ರಿಲ್‌ನಿಂದ ಉಪವಾಸಕ್ಕೆ ಕೂತರು. ಗುರುವಿನ ಬಂಧನದಿಂದ ಅನುಯಾಯಿಗಳು ಕುದಿಯುತ್ತಿದ್ದರು.

ಸಿಬಿಐ ಹೇಳಿದ ಉದ್ದೇಶ ಇಷ್ಟೇ. ಗುರುವನ್ನು ಬಿಡಿಸಿಕೊಳ್ಳಲು ಸರ್ಕಾರಕ್ಕೆ ಹೆದರಿಕೆ ಹುಟ್ಟಿಸಬೇಕು. ಅದಕ್ಕಾಗಿ ಭಾಗಲ್ಪುರ ಜಿಲ್ಲೆಯ ಒಂದು ಹಳ್ಳಿಯಲ್ಲಿ 1973ರಲ್ಲಿ ಕೂತು ಸಂಚು ಮಾಡಿದರು. ಶತ್ರುಗಳ ಸಾಲಿನಲ್ಲಿ ಮಿಶ್ರಾ ಅವರ ಹೆಸರಿತ್ತು.

ಇದು ಗಾಳಿಯಲ್ಲಿ ಕಟ್ಟಿದ ಕತೆ ಅಂತ ಸುಮ್ನೆ ತಳ್ಳಿಹಾಕುವಂತಿಲ್ಲ. 1975ರ ಮಾರ್ಚ್ 20ರಂದು ದೆಹಲಿಯಲ್ಲಿ ಮುಖ್ಯ ನ್ಯಾಯಮೂರ್ತಿ ಎ.ಎನ್. ರೇ ಅವರ ಕಾರಿನ ಮೇಲೆ ಗ್ರೆನೇಡ್ ಎಸೆದರು. ಪುಣ್ಯಕ್ಕೆ ಅವು ಸಿಡಿಯಲಿಲ್ಲ. ಆ ಪ್ರಕರಣದಲ್ಲಿ ಆನಂದಮಾರ್ಗದ ಸಂತೋಷಾನಂದ, ಸುದೇವಾನಂದ ಮತ್ತು ವಕೀಲ ರಂಜನ್ ದ್ವಿವೇದಿ ಅವರಿಗೆ 1976ರಲ್ಲೇ ಶಿಕ್ಷೆಯಾಯಿತು. ಮುಂದೆ 2014ರಲ್ಲಿ ದೆಹಲಿ ಹೈಕೋರ್ಟ್ ಮೊದಲ ಇಬ್ಬರ ಶಿಕ್ಷೆಯನ್ನು ಎತ್ತಿಹಿಡಿಯಿತು, ದ್ವಿವೇದಿ ಅವರನ್ನು ಖುಲಾಸೆ ಮಾಡಿತು. ಸಮಸ್ತಿಪುರದ ಕೇಸಿನಲ್ಲೂ ಇದೇ ಮೂವರ ಹೆಸರಿದೆ. ಜೊತೆಗೆ ಗೋಪಾಲ್‌ಜಿ ಎಂಬ ಇನ್ನೊಬ್ಬರು. ಆನಂದಮಾರ್ಗದ ಕೆಲವರ ಕೈಯಲ್ಲಿ ಗ್ರೆನೇಡ್ ಇತ್ತು, ಎಸೆಯುವ ಮನಸ್ಸೂ ಇತ್ತು ಅನ್ನುವುದಕ್ಕೆ ರೇ ಪ್ರಕರಣ ಒಂದು ಆಧಾರ. ಆದರೆ ಮಾರ್ಚಿನಲ್ಲಿ ದೆಹಲಿಯಲ್ಲಿ ಎಸೆದವರೇ ಜನವರಿಯಲ್ಲಿ ಸಮಸ್ತಿಪುರದಲ್ಲೂ ಎಸೆದರು ಅನ್ನಲು ಬೇರೆ ಪುರಾವೆ ಬೇಕು.

ಆ ಪುರಾವೆ ಮುಖ್ಯವಾಗಿ ಬಂದದ್ದು ಅಪ್ರೂವರ್ ಬಾಯಿಂದ. ಸಂಚಿನಲ್ಲಿ ತಾನೂ ಇದ್ದೆ ಎಂದು ಒಪ್ಪಿ, ಕ್ಷಮೆ ಪಡೆದು, ಉಳಿದವರ ವಿರುದ್ಧ ಸಾಕ್ಷಿ ಹೇಳುವವನೇ ಅಪ್ರೂವರ್. ಕಾನೂನು ಇಂಥವನನ್ನು ನಂಬುತ್ತದೆ, ಆದರೆ ಒಂದು ಕಣ್ಣು ಅವನ ಮೇಲೆ ಇಟ್ಟುಕೊಂಡೇ ನಂಬುತ್ತದೆ. ಆಗಿನ ಸಾಕ್ಷ್ಯ ಕಾಯಿದೆಯ 133ನೇ ಸೆಕ್ಷನ್ ಪ್ರಕಾರ ಸಹಾಪರಾಧಿಯ ಸಾಕ್ಷ್ಯದ ಮೇಲೆ ಶಿಕ್ಷೆ ಕೊಡಬಹುದು. ಅದೇ ಕಾಯಿದೆಯ 114ನೇ ಸೆಕ್ಷನ್ನಿನಲ್ಲಿ ಇನ್ನೊಂದು ಮಾತಿದೆ: ಮುಖ್ಯ ವಿವರಗಳಿಗೆ ಬೇರೆ ಕಡೆಯಿಂದ ಬೆಂಬಲ ಸಿಗದ ಹೊರತು ಅವನ ಮಾತು ನಂಬಿಕೆಗೆ ಅರ್ಹವಲ್ಲ ಎಂದು ನ್ಯಾಯಾಲಯ ಭಾವಿಸಬಹುದು. ತನ್ನ ಕುತ್ತಿಗೆ ಉಳಿಸಿಕೊಳ್ಳಲು ಮಾತಾಡುವವನು ಯಾರ ಹೆಸರನ್ನಾದರೂ ಸೇರಿಸಬಲ್ಲ. ಅಷ್ಟು ಸರಳ ಇದರ ಹಿಂದಿನ ತಿಳಿವಳಿಕೆ.

ಈಗ ದಿನಾಂಕಗಳನ್ನು ಜೋಡಿಸಿ ನೋಡಿ. 1975ರ ಜೂನ್ 25ರಂದು ಎಮರ್ಜೆನ್ಸಿ. ಜುಲೈ ಮೊದಲ ವಾರದಲ್ಲಿ ಆನಂದಮಾರ್ಗದ ಮೇಲೆ ನಿಷೇಧ. ನವೆಂಬರ್‌ನಲ್ಲಿ ಸಿಬಿಐ ಚಾರ್ಜ್‌ಶೀಟ್. ಪತ್ರಿಕೆಗಳಿಗೆ ಸೆನ್ಸಾರ್ ಇತ್ತು. ಬಂಧನದಲ್ಲಿದ್ದವರ ಪರವಾಗಿ ಕೇಳುವವರು ಕಮ್ಮಿ. ಆ ತಿಂಗಳುಗಳಲ್ಲಿ ಕಟ್ಟಿದ ಕೇಸು ಸುಳ್ಳೇ ಆಗಿರಬೇಕು ಎಂದು ನಾನು ಹೇಳುತ್ತಿಲ್ಲ. ಆದರೆ ಅಂಥ ಹೊತ್ತಿನಲ್ಲಿ ಪಡೆದ ಹೇಳಿಕೆಯನ್ನು ಮಾಮೂಲಿಗಿಂತ ಜಾಸ್ತಿ ಒರೆಗೆ ಹಚ್ಚಬೇಕಲ್ಲವೇ? ಅದೂ ಅದೇ ಕೊಲೆಗೆ ಇನ್ನೊಂದು ತಪ್ಪೊಪ್ಪಿಗೆ ಮೊದಲೇ ಕಡತದಲ್ಲಿದ್ದಾಗ.

ಇಡೀ ಪ್ರಕರಣದ ಗಂಟು ಇದೇ. ಒಂದು ಗ್ರೆನೇಡ್, ಎರಡು ಕತೆ. ಎರಡೂ ಕತೆಗಳನ್ನು ಹೊರತಂದದ್ದು ಸರ್ಕಾರಿ ತನಿಖೆಯೇ. ಎರಡೂ ಒಟ್ಟಿಗೆ ನಿಜ ಆಗಲಾರವು. ಕನಿಷ್ಠ ಒಂದನ್ನು ಯಾರೋ ಕೂತು ಹೇಳಿಸಿದ್ದಾರೆ.

ಪಟ್ನಾ ಒಂದು, ದೆಹಲಿ ಇನ್ನೊಂದು

1977ರಲ್ಲಿ ಸರ್ಕಾರ ಬದಲಾಯಿತು. ಮಿಶ್ರಾ ಅವರ ಪತ್ನಿ ಕಾಮೇಶ್ವರಿ ದೇವಿ ಕೇಂದ್ರ ಗೃಹಮಂತ್ರಿಗೆ ಪತ್ರ ಬರೆದರು. ಜೈಲಿನಲ್ಲಿರುವ ಆನಂದಮಾರ್ಗಿಗಳು ನನ್ನ ಗಂಡನನ್ನು ಕೊಂದವರಲ್ಲ, ಮತ್ತೆ ತನಿಖೆ ಮಾಡಿಸಿ ಎಂಬುದು ಅವರ ಬೇಡಿಕೆ. ಗಂಡನನ್ನು ಕಳೆದುಕೊಂಡು ಎರಡೂವರೆ ವರ್ಷವಾಗಿದೆ. ಕೊಂದವರು ಸಿಕ್ಕಿದ್ದಾರೆ ಎಂದು ಸರ್ಕಾರ ಹೇಳುತ್ತಿದೆ. ಮನಸ್ಸಿಗೆ ಸಮಾಧಾನ ತಂದುಕೊಳ್ಳಲು ಅಷ್ಟು ಸಾಕಿತ್ತು. ಆದರೂ ಅವರು ಆ ಸುಲಭದ ಸಮಾಧಾನ ಬೇಡ ಅಂದರು. ಇಷ್ಟು ಕಾಗದಗಳ ನಡುವೆ ನನ್ನನ್ನು ಹೆಚ್ಚು ಕಾಡಿದ್ದು ಆ ಪತ್ರ.

ಬಿಹಾರದಲ್ಲಿ ಆಗ ಕರ್ಪೂರಿ ಠಾಕೂರ್ ಮುಖ್ಯಮಂತ್ರಿ. ಅವರ ಸರ್ಕಾರ ಬಾಂಬೆ ಹೈಕೋರ್ಟಿನ ಮಾಜಿ ನ್ಯಾಯಮೂರ್ತಿ ವಿ.ಎಂ. ತಾರ್ಕುಂಡೆ ಅವರಿಗೆ ಕಡತಗಳನ್ನು ಕೊಟ್ಟು ಅಭಿಪ್ರಾಯ ಕೇಳಿತು. 1979ರಲ್ಲಿ ಅವರು ವರದಿ ಕೊಟ್ಟರು. ಆನಂದಮಾರ್ಗಿಗಳನ್ನು ಸಿಬಿಐ ಸಿಕ್ಕಿಸಿಹಾಕಿದೆ, ಮೊದಲು ಸಿಕ್ಕ ಯುವಕರ ಜಾಡೇ ನಂಬುವಂಥದ್ದು ಎಂಬ ಕಡೆಗೆ ಅವರ ತೀರ್ಮಾನ ವಾಲಿತ್ತು. ತಾರ್ಕುಂಡೆ ಮಾನವ ಹಕ್ಕುಗಳಿಗಾಗಿ ದುಡಿದ ದೊಡ್ಡ ಹೆಸರು. ಅವರ ಮಾತಿಗೆ ತೂಕ ಇದೆ. ಆದರೆ ಒಂದನ್ನು ಮರೆಯಬಾರದು. ಅದು ಕಾಗದ ಓದಿ ಕೊಟ್ಟ ಅಭಿಪ್ರಾಯ, ಎರಡೂ ಕಡೆಯ ಸಾಕ್ಷಿಗಳನ್ನು ಕಟಕಟೆಯಲ್ಲಿ ನಿಲ್ಲಿಸಿ ಕೇಳಿದ್ದಲ್ಲ. ಅದನ್ನು ತೀರ್ಪು ಅಂತ ಎತ್ತಿ ತೋರಿಸುವವರು ಹೆಚ್ಚಾಗಿಯೇ ಹೇಳುತ್ತಿದ್ದಾರೆ.

ಪಟ್ನಾದ ಸರ್ಕಾರ ಒಂದು ಕಡೆ, ದೆಹಲಿಯ ತನಿಖಾ ಸಂಸ್ಥೆ ಇನ್ನೊಂದು ಕಡೆ. ಬಿಹಾರದಲ್ಲಿ ನ್ಯಾಯಯುತ ವಿಚಾರಣೆ ಆಗದು ಎಂಬ ವಾದ ಸುಪ್ರೀಂ ಕೋರ್ಟಿಗೆ ಹೋಯಿತು. 1979ರ ಕೊನೆಗೆ ಪ್ರಕರಣ ದೆಹಲಿಗೆ ವರ್ಗವಾಯಿತು. ಸಮಸ್ತಿಪುರದ ನಿಲ್ದಾಣದಲ್ಲಿ ನಿಂತು ನೋಡಿದವರು ಇನ್ನು ಸಾಕ್ಷಿ ಹೇಳಲು ದೆಹಲಿಗೆ ಬರಬೇಕು.

ಈ ನಡುವೆ 1978ರಲ್ಲಿ ಪಟ್ನಾ ಹೈಕೋರ್ಟಿನ ತೀರ್ಪಿನಿಂದ ಆನಂದಮೂರ್ತಿ ಖುಲಾಸೆಯಾಗಿ ಹೊರಬಂದಿದ್ದರು. ಯಾರನ್ನು ಬಿಡಿಸಲು ಸಂಚು ನಡೆಯಿತು ಅನ್ನಲಾಗಿತ್ತೋ ಅವರು ಕಾನೂನಿನ ದಾರಿಯಲ್ಲೇ ಬಿಡುಗಡೆಯಾದರು. ಸಂಚಿನ ಆರೋಪ ಹೊತ್ತವರ ಮೇಲಿನ ಕೇಸು ಇನ್ನೂ ಸರಿಯಾಗಿ ಶುರುವೂ ಆಗಿರಲಿಲ್ಲ.

ಯೌವನದಿಂದ ಮುಪ್ಪಿಗೆ

ವಿಚಾರಣೆಯ ಮುಂದಿನ ಮೂರೂವರೆ ದಶಕದ ಕತೆಯನ್ನು ಎಳೆಯಲು ನನಗೆ ಮನಸ್ಸಿಲ್ಲ. ಇಪ್ಪತ್ತಕ್ಕೂ ಹೆಚ್ಚು ನ್ಯಾಯಾಧೀಶರು ಬಂದು ಹೋದರು. ಎರಡೂ ಕಡೆ ಸೇರಿ ಸುಮಾರು 200 ಸಾಕ್ಷಿಗಳು. ಒಬ್ಬ ಆರೋಪಿ ವಿಚಾರಣೆ ಮುಗಿಯುವ ಮೊದಲೇ ಸತ್ತರು. ಒಬ್ಬ ನ್ಯಾಯಾಧೀಶರು ಸಾಕ್ಷಿಯ ಮುಖ ನೋಡಿ, ದನಿ ಕೇಳಿ, ತಡವರಿಸಿದ್ದು ಎಲ್ಲಿ ಎಂದು ಗಮನಿಸಿ ಅಳೆಯುತ್ತಾರೆ. ತೀರ್ಪು ಬರೆಯುವವರು ಬೇರೆಯವರು. ಅವರ ಮುಂದೆ ಇರುವುದು ಟೈಪ್ ಮಾಡಿದ ಹಾಳೆಗಳು ಮಾತ್ರ. ಅಪ್ರೂವರ್ ಮಾತೇ ಮುಖ್ಯವಾದ ಕೇಸಿನಲ್ಲಿ ಇದು ಸಣ್ಣ ವಿಷಯ ಅಲ್ಲ.

ರಂಜನ್ ದ್ವಿವೇದಿ ಅವರನ್ನು ಹತ್ತಿರದಿಂದ ನೋಡೋಣ. ಆರೋಪ ಹೊತ್ತಾಗ ಅವರಿಗೆ ಇನ್ನೂ ಮೂವತ್ತು ತುಂಬಿರಲಿಲ್ಲ. ಓದಿ ವಕೀಲರಾಗಿದ್ದವರು. ಮುಂದಿನ ದಶಕಗಳಲ್ಲಿ ಕೋರ್ಟಿನ ಒಳಗೆ ಬೇರೆಯವರ ಪರವಾಗಿ ಕರಿಕೋಟು ತೊಟ್ಟು ನಿಂತರು. ತಮ್ಮ ಕೇಸಿನಲ್ಲಿ ಆರೋಪಿಯಾಗಿಯೂ ನಿಂತರು. 2012ರಲ್ಲಿ, 60 ದಾಟಿದ ಮೇಲೆ, ಈ ಕೇಸನ್ನು ರದ್ದು ಮಾಡಿ ಎಂದು ಸುಪ್ರೀಂ ಕೋರ್ಟ್ ಮೆಟ್ಟಿಲೇರಿದರು. ಅವರು ಹೇಳಿದ ಒಂದು ಲೆಕ್ಕ ಮನಸ್ಸಿನಲ್ಲಿ ಕೂತುಬಿಡುತ್ತದೆ. ತನ್ನ ಪರವಾಗಿ ಸಾಕ್ಷಿ ಹೇಳಬೇಕಿದ್ದವರು 39 ಮಂದಿ. ಅವರಲ್ಲಿ 31 ಮಂದಿ ಆಗಲೇ ತೀರಿಕೊಂಡಿದ್ದಾರೆ. ನಾನು ತಪ್ಪು ಮಾಡಿಲ್ಲ ಎಂದು ಯಾರ ಬಾಯಿಂದ ಹೇಳಿಸಲಿ?

ಆ ಅರ್ಜಿಯನ್ನು ಕೇಳಿದವರು ನ್ಯಾಯಮೂರ್ತಿಗಳಾದ ಎಚ್.ಎಲ್. ದತ್ತು ಮತ್ತು ಸಿ.ಕೆ. ಪ್ರಸಾದ್. ದತ್ತು ನಮ್ಮ ಹೈಕೋರ್ಟಿನಲ್ಲೂ ನ್ಯಾಯಮೂರ್ತಿಯಾಗಿದ್ದವರು. ಅವರ ಮುಂದೆ ಕರ್ನಾಟಕದಿಂದಲೇ ಹೋಗಿದ್ದ ಒಂದು ಹಳೆಯ ತೀರ್ಪೂ ಇತ್ತು. ಪಿ. ರಾಮಚಂದ್ರ ರಾವ್ ಪ್ರಕರಣದಲ್ಲಿ 2002ರಲ್ಲಿ ಏಳು ನ್ಯಾಯಮೂರ್ತಿಗಳ ಪೀಠ, ಕ್ರಿಮಿನಲ್ ವಿಚಾರಣೆಗೆ ಇಷ್ಟೇ ವರ್ಷ ಎಂದು ಗೆರೆ ಎಳೆಯಲು ಆಗದು ಎಂದಿತ್ತು. ತಡವಾದದ್ದಕ್ಕೆ ಆರೋಪಿಗಳ ಪಾಲೂ ಇದೆ ಎಂಬುದನ್ನು ದತ್ತು ಪೀಠ ಗಮನಿಸಿತು. ಅರ್ಜಿ ವಜಾ ಆಯಿತು. ದಿನವೂ ವಿಚಾರಣೆ ನಡೆಸಿ ಬೇಗ ಮುಗಿಸಿ ಎಂದು ಕೆಳಗಿನ ನ್ಯಾಯಾಲಯಕ್ಕೆ ಸೂಚನೆ ಹೋಯಿತು.

ಕಾನೂನಿನ ದೃಷ್ಟಿಯಿಂದ ಆ ತೀರ್ಪಿನಲ್ಲಿ ತರ್ಕ ಇದೆ. ತಡ ಆಯಿತು ಅಂತ ಕೊಲೆ ಕೇಸುಗಳನ್ನು ಕೈಬಿಡುತ್ತಾ ಹೋದರೆ, ಎಳೆದಾಡುವವರಿಗೇ ಲಾಭ. ಅದನ್ನು ನಾನೂ ಒಪ್ಪುತ್ತೇನೆ. ಆದರೆ 31 ಸಾಕ್ಷಿಗಳು ಸತ್ತ ಮೇಲೆ ನಡೆಯುವ ವಿಚಾರಣೆಯಿಂದ ಸತ್ಯ ಹೊರಬೀಳುತ್ತದೆ ಎಂದು ನಂಬಲು ನನ್ನಿಂದ ಆಗುವುದಿಲ್ಲ. ಅನುಮಾನ ನಿಜವೋ ಸುಳ್ಳೋ ಎಂದು ತೋರಿಸಬಲ್ಲ ಜನರೇ ಇಲ್ಲವಾಗಿದ್ದರು.

2014ರ ಡಿಸೆಂಬರ್‌ನಲ್ಲಿ ನ್ಯಾಯಾಧೀಶ ವಿನೋದ್ ಗೋಯಲ್ ತೀರ್ಪು ಕೊಟ್ಟರು. ಅಪ್ರೂವರ್ ಸಾಕ್ಷ್ಯಕ್ಕೆ ಬೇಕಾದ ಬೆಂಬಲ ಸಿಕ್ಕಿದೆ ಎಂದು ಅವರು ಒಪ್ಪಿದರು. ಡಿಸೆಂಬರ್ 18ರಂದು ನಾಲ್ವರಿಗೂ ಜೀವಾವಧಿ ಶಿಕ್ಷೆ. ದ್ವಿವೇದಿ ಅವರಿಗೆ ಆಗ 66. ಉಳಿದ ಮೂವರೂ 70 ದಾಟಿದವರು. ಸತ್ತ ಮೂವರ ವಾರಸುದಾರರಿಗೆ ತಲಾ 5 ಲಕ್ಷ ರೂಪಾಯಿ ಪರಿಹಾರ ಕೊಡಬೇಕು ಎಂದು ಬಿಹಾರ ಸರ್ಕಾರಕ್ಕೆ ಆದೇಶವಾಯಿತು.

ಉಳಿದುಕೊಂಡಿರುವುದು

ಹಾಗಾದರೆ ಕೊಂದವರು ಯಾರು? ಆನಂದಮಾರ್ಗದವರು ಎಂದು ಹೇಳಲು ಒಂದು ತೀರ್ಪು ಇದೆ, ಉದ್ದೇಶ ಇದೆ, ರೇ ಪ್ರಕರಣ ಇದೆ. ಬೇರೆಯವರು ಎಂದು ಹೇಳಲು ಮೊದಲ ತಪ್ಪೊಪ್ಪಿಗೆ ಇದೆ, ತಾರ್ಕುಂಡೆ ವರದಿ ಇದೆ, ಕುಟುಂಬದ ಮಾತಿದೆ. ನನ್ನನ್ನು ಕೇಳಿದರೆ, ಸಿಬಿಐ ಹೇಳಿದ ಎರಡನೇ ಕತೆ ನಿಜ ಅಂತ ಸಾಬೀತಾಗಿಲ್ಲ. ಆ ಯುವಕರು ಹೇಳಿದ ಮೊದಲ ಕತೆ ಸುಳ್ಳು ಅಂತಲೂ ಸಾಬೀತಾಗಿಲ್ಲ. ರಾಜಕೀಯ ಕೊಲೆಗಳಲ್ಲಿ ಪಿತೂರಿ ಹುಡುಕುವವರ ಬಗ್ಗೆ ನನಗೆ ಅಂಥ ಒಲವಿಲ್ಲ. ಹೆಚ್ಚಿನ ಕತೆಗಳು ಎರಡು ಪ್ರಶ್ನೆ ಕೇಳಿದರೆ ಬಿದ್ದುಹೋಗುತ್ತವೆ. ಇದು ಬೀಳುವುದಿಲ್ಲ. ಇಲ್ಲಿ ಸಿಬಿಐ ಕತೆಗೆ ಎದುರು ನಿಂತಿರುವುದು ವದಂತಿ ಅಲ್ಲ, ಬಿಹಾರ ಸಿಐಡಿಯ ಕಡತ.

ಒಂದು ವೇಳೆ 1975ರಲ್ಲೇ ಆ ಇಬ್ಬರು ಯುವಕರನ್ನೂ ಅಪ್ರೂವರ್‌ನನ್ನೂ ಒಂದೇ ನ್ಯಾಯಾಲಯದ ಮುಂದೆ ನಿಲ್ಲಿಸಿ ಕೇಳಿದ್ದರೆ? ಯಾರು ಎಲ್ಲಿದ್ದರು, ಗ್ರೆನೇಡ್ ಎಲ್ಲಿಂದ ಬಂತು, ವೇದಿಕೆಯ ಹತ್ತಿರ ಹೋಗಲು ಪಾಸು ಕೊಟ್ಟವರು ಯಾರು ಎಂದು ಎರಡೂ ಕತೆಗಳನ್ನು ಪಕ್ಕಪಕ್ಕ ಇಟ್ಟು ನೋಡಿದ್ದರೆ? ಆಗ ಸಾಕ್ಷಿಗಳು ಬದುಕಿದ್ದರು. ನೆನಪು ಹಸಿಯಾಗಿತ್ತು. ಸ್ಫೋಟದ ಗುರುತುಗಳು ಗೋಡೆಯ ಮೇಲೆ ಇದ್ದವು. ಕಳೆದುಹೋದದ್ದು ಆ ಒಂದೆರಡು ವರ್ಷ.

ತೀರ್ಪಿನ ವಿರುದ್ಧ ಮೇಲ್ಮನವಿಗಳು ದೆಹಲಿ ಹೈಕೋರ್ಟಿಗೆ ಹೋದವು. ಮಿಶ್ರಾ ಅವರ ಮೊಮ್ಮಗ ಮರುತನಿಖೆ ಬೇಕೆಂದು ನ್ಯಾಯಾಲಯದ ಬಾಗಿಲು ತಟ್ಟಿದರು. ಅಜ್ಜನ ಕೊಲೆಯಾದಾಗ ನಡೆದ ತನಿಖೆ ಸರಿ ಇರಲಿಲ್ಲ ಎಂಬುದು ಅವರ ವಾದ. 2023ರಲ್ಲಿ ಹೈಕೋರ್ಟ್, ಮೇಲ್ಮನವಿಗಳ ಅಂತಿಮ ವಿಚಾರಣೆಯಲ್ಲಿ ನೆರವಾಗಲು ಅವರಿಗೆ ಅವಕಾಶ ಕೊಟ್ಟಿತು. ಅಜ್ಜಿ 1977ರಲ್ಲಿ ಗೃಹಮಂತ್ರಿಗೆ ಬರೆದ ಪತ್ರದಲ್ಲಿ ಕೇಳಿದ್ದನ್ನೇ 46 ವರ್ಷಗಳ ನಂತರ ಮೊಮ್ಮಗ ಹೈಕೋರ್ಟಿನಲ್ಲಿ ಕೇಳುತ್ತಿದ್ದಾರೆ.